ನೆರೆ ಇಳಿದ ಮರುದಿನದ ಕೆಲಸ

ತಡೆ, ಸಿದ್ಧತೆ, ಸ್ಪಂದನೆ, ಪುನಶ್ಚೇತನ ಎಂಬ ವಿಪತ್ತು ನಿರ್ವಹಣೆಯ ಚಕ್ರವನ್ನು ಊರಿನ ಮಟ್ಟದಲ್ಲಿ ಎಲ್ಲಿಂದ ಆರಂಭಿಸಬೇಕೆಂದು ತಾವು ಕೇಳಿದ್ದೀರಿ. ಕಾಸರಗೋಡಿನ ಮಧುವಾಹಿನಿ ಹೊಳೆಯ ಬದಿಯಲ್ಲಿ ಅಡಿಕೆ ತೋಟವಿರುವ ನಾನು, ಮಳೆಗಾಲದಲ್ಲಿ ವಾರ್ಡಿನ ಸ್ವಯಂಸೇವಕರ ಜೊತೆ ಓಡಾಡಿದ ಅನುಭವದಿಂದ ಹೇಳುವುದಾದರೆ, ನೆರೆ ಇಳಿದ ಮರುದಿನದಿಂದ ಆರಂಭಿಸಬೇಕು.

ಸ್ಪಂದನೆಯ ಬಗ್ಗೆ ನನಗೆ ಹೆಚ್ಚಿನ ಚಿಂತೆಯಿಲ್ಲ. ಮಧೂರು ದೇವಸ್ಥಾನದ ಅಂಗಳಕ್ಕೆ ನೀರು ಬಂದಿತೆಂದರೆ ದೋಣಿ, ಹಗ್ಗ, ಗಂಜಿ ಎಲ್ಲವೂ ಹೇಗೋ ಒದಗುತ್ತವೆ. ಕೊಂಡಿ ಕಳಚುವುದು ಆಮೇಲೆ. ಒಮ್ಮೆ ನನ್ನ ತೋಟದ ಗೋಡೆ ಕುಸಿದಾಗ ನಾನು ಅದನ್ನು ಪಕ್ಕದ ತೋಡಿನ, ಅಂದರೆ ಸಣ್ಣ ಹಳ್ಳದ, ಕಡೆಗೆ ಇನ್ನಷ್ಟು ಒತ್ತಿ ಮುರಕಲ್ಲಿನಲ್ಲಿ ಭದ್ರವಾಗಿ ಕಟ್ಟಿಸಿದೆ; ಮರುವರ್ಷ ಆ ಗೋಡೆ ತಡೆದ ನೀರು ನೆರೆಮನೆಯ ದನದ ಹಟ್ಟಿಗೆ ನುಗ್ಗಿತು. ಪುನಶ್ಚೇತನವೆಂದುಕೊಂಡು ನಾನು ಮಾಡಿದ್ದು ಮುಂದಿನ ವಿಪತ್ತಿನ ತಯಾರಿ. ಗೋಡೆಯನ್ನು ಒಡೆಸಿ, ತೋಡಿಗೆ ಅದರ ಜಾಗವನ್ನು ಬಿಟ್ಟುಕೊಟ್ಟೆ.

2005ರ ವಿಪತ್ತು ನಿರ್ವಹಣಾ ಕಾಯಿದೆಯೂ ವಿಪತ್ತು ನಿರ್ವಹಣೆಯನ್ನು ನಿರಂತರ ಮತ್ತು ಸಮಗ್ರ ಪ್ರಕ್ರಿಯೆ ಎಂದೇ ವ್ಯಾಖ್ಯಾನಿಸುತ್ತದೆ. ಹದಿನೈದನೆಯ ಹಣಕಾಸು ಆಯೋಗವು ರಾಜ್ಯಗಳ ವಿಪತ್ತು ನಿಧಿಯಲ್ಲಿ ಶೇ. 40ನ್ನು ಪರಿಹಾರ ಕಾರ್ಯಕ್ಕೆ, ಶೇ. 30ನ್ನು ಪುನರ್ನಿರ್ಮಾಣಕ್ಕೆ, ಶೇ. 10ನ್ನು ಸಿದ್ಧತೆಗೆ, ಶೇ. 20ನ್ನು ಅಪಾಯ ತಗ್ಗಿಸುವ ಕೆಲಸಕ್ಕೆ ಹಂಚಿತು. ಪುನರ್ನಿರ್ಮಾಣದ ಪಾಲನ್ನು ತೋಡಿನ ಅಗಲ, ಮೋರಿಯ ಎತ್ತರಗಳನ್ನು ನೋಡಿ ಖರ್ಚು ಮಾಡಿದರೆ ಅದೇ ಹಣ ತಡೆಯ ಕೆಲಸವನ್ನೂ ಮಾಡುತ್ತದೆ.

ಸಿದ್ಧತೆಯಲ್ಲಿ ನಮ್ಮ ಗಡಿನಾಡಿಗೆ ಮುಖ್ಯವಾದದ್ದು ಭಾಷೆ. ಕೆಂಪು ಎಚ್ಚರಿಕೆಯೆಂದರೆ 24 ಗಂಟೆಗಳಲ್ಲಿ 204.4 ಮಿ.ಮೀ. ಮೀರುವ ಮಳೆಯ ಸಂಭವವೆಂಬುದು ಮಲಯಾಳದ ಸಂದೇಶದಲ್ಲಿ ಮಾತ್ರ ಇದ್ದರೆ, ಕನ್ನಡ ಶಾಲೆಯಲ್ಲಿ ಕಲಿತ ಅಜ್ಜಿಗೆ ಅದು ತಲುಪುವುದು ಮೊಮ್ಮಗ ಮನೆಯಲ್ಲಿದ್ದರೆ ಮಾತ್ರ. ಆದ್ದರಿಂದ ನಾವು ಅದನ್ನು ಕನ್ನಡದಲ್ಲಿಯೂ ತುಳುವಿನಲ್ಲಿಯೂ ಧ್ವನಿಸಂದೇಶವಾಗಿ ಕಳುಹಿಸುತ್ತೇವೆ.

ತಡೆಯ ಮಾತುಕತೆಗೆ ಹೊಸ ಸಭೆಯನ್ನು ಕರೆದರೆ ಜನ ಬರುವುದು ಕಷ್ಟ. ಇದು ನನ್ನ ಅನುಭವ. ಮಳೆಗಾಲದ ಆಟಿ ತಿಂಗಳಲ್ಲಿ ಮನೆಗೆ ನುಗ್ಗುವ ತೋಡಿನ ನೀರೇ ಬೇಸಗೆಯಲ್ಲಿ ತೋಟಕ್ಕೆ ಸಾಲದಾಗುವುದರಿಂದ, ಹರಿವು ಇಳಿದ ಡಿಸೆಂಬರಿನ ಹೊತ್ತಿಗೆ ಇಲ್ಲಿನ ಕೃಷಿಕರು ನೀರು ತಡೆದು ನಿಲ್ಲಿಸುವ ಕಲ್ಲುಮಣ್ಣಿನ ಕಟ್ಟ ಹಾಕಲು ಹೇಗೂ ಒಟ್ಟುಸೇರುತ್ತಾರೆ. ತೋಡು ಎಲ್ಲಿ ಕಿರಿದಾಗಿದೆ, ಯಾವ ಮೋರಿ ಕಟ್ಟಿಕೊಂಡಿದೆ ಎಂಬುದು ಅಲ್ಲಿ ಎಲ್ಲರ ಕಣ್ಣಿಗೂ ಕಾಣುತ್ತದೆ. ತಾವೂ ತಮ್ಮ ಊರಿನಲ್ಲಿ ಅಂತಹ ಒಂದು ದಿನವನ್ನು ಹುಡುಕಿ, ಹಿಂದಿನ ಮಳೆಗಾಲದ ನೀರಿನ ಗುರುತುಗಳನ್ನು ಬರೆದಿಟ್ಟ ಪುಸ್ತಕದೊಂದಿಗೆ ಅಲ್ಲಿಗೆ ಹೋಗಿರಿ.