ಗೇರ್ ಇಲ್ಲದ ಸ್ಕೂಟರ್‌ನಲ್ಲಿ ಪರೀಕ್ಷೆ ಕೊಟ್ಟರೆ ಬೈಕ್ ಓಡಿಸಬಹುದೇ?

ಕಲಿಕಾ ಪರವಾನಗಿ ಬಂದು 20 ದಿನವಾಗಿದೆ, ಈ ವಾರವೇ ಯಾದಗಿರಿಯ ಸಾರಿಗೆ ಕಚೇರಿಗೆ ಗೇರ್ ಇಲ್ಲದ ಸ್ಕೂಟರ್ ಒಯ್ದು ಪರೀಕ್ಷೆ ಕೊಡಬಹುದೇ, ಮುಂದೆ ಅಪ್ಪನ ಬೈಕ್ ಓಡಿಸಬಹುದೇ ಎಂದು ಕೇಳಿದ್ದೀರಿ.

ಈ ವಾರ ಆಗುವುದಿಲ್ಲ ತಂಗಿ. 30 ದಿನ ತುಂಬಲೇಬೇಕು. ಕಲಿಕಾ ಪರವಾನಗಿ 6 ತಿಂಗಳು ನಡೆಯುತ್ತದೆ, ಅವಸರವೇನಿಲ್ಲ. ಸರ್ಕಾರದ ಸಾರಥಿ ಜಾಲತಾಣದಲ್ಲಿ ಶುಲ್ಕ ಕಟ್ಟಿ ದಿನ ಗೊತ್ತು ಮಾಡಿಕೊಂಡು ಹೋಗಿ.

ಎರಡನೆಯ ಪ್ರಶ್ನೆಯೇ ಮುಖ್ಯವಾದದ್ದು. ಗೇರ್ ಇಲ್ಲದ ಗಾಡಿಯ ಪರವಾನಗಿಯಲ್ಲಿ ಗೇರ್ ಬೈಕ್ ಓಡಿಸುವಂತಿಲ್ಲ. ನಾಳೆ ಅಪಘಾತವಾದರೆ ವಿಮೆಯವರು ಮೊದಲು ನೋಡುವುದೇ ಅದನ್ನು. ನಿಮ್ಮ ಕಲಿಕಾ ಪರವಾನಗಿಯಲ್ಲಿ ಗೇರ್ ಸಹಿತ ಎಂಬ ವರ್ಗ ಇದೆಯೇ ನೋಡಿ. ಇದ್ದರೆ ಅಪ್ಪನ ಬೈಕನ್ನೇ ಒಯ್ಯಿರಿ. ಅದರ ನೋಂದಣಿ ಪತ್ರ, ವಿಮೆ, ಹೊಗೆ ತಪಾಸಣೆ ಪತ್ರ ಜೊತೆಗಿರಲಿ. ಬಿಳಿ ಹಲಗೆಯ ಮೇಲಿನ ಕೆಂಪು ‘ಎಲ್’ ಹಿಂದೆ ಮುಂದೆ ಎರಡೂ ಕಡೆ ಬೇಕು.

ಎಂಟರ ಆಕಾರದ ತಿರುವನ್ನು ಖಾಲಿ ಮೈದಾನದಲ್ಲಿ ಬೆಳಿಗ್ಗೆ ಬಿಸಿಲೇರುವ ಮೊದಲೇ ಅಭ್ಯಾಸ ಮಾಡಿ. ನನ್ನ ಮೊದಲ ಪರೀಕ್ಷೆಯಲ್ಲಿ ಮುಂದಿನ ಚಕ್ರವನ್ನೇ ನೋಡುತ್ತಿದ್ದೆ, ಎರಡನೆಯ ತಿರುವಿನಲ್ಲಿ ಕಾಲು ನೆಲಕ್ಕೆ ತಾಗಿತು. ಕಣ್ಣು ತಿರುವಿನ ಆಚೆ ತುದಿಯ ಮೇಲಿರಲಿ, ಗಾಡಿ ತಾನೇ ಹಿಂಬಾಲಿಸುತ್ತದೆ.

ಮಧ್ಯವರ್ತಿಗಳಿಗೆ ಒಂದು ರೂಪಾಯಿಯನ್ನೂ ಕೊಡಬೇಡಿ.