ಪ್ರತಿಕ್ರಿಯೆ: ನಿಕ್ ರಾಬಿನ್ಸನ್ ಐಟಿವಿಯವರಾ, ಬಿಬಿಸಿಯವರಾ?

ನಿಮ್ಮ ಟಿಪ್ಪಣಿಯಲ್ಲಿ ಬ್ರಿಟನ್ನಿನ ಪತ್ರಕರ್ತ ನಿಕ್ ರಾಬಿನ್ಸನ್ 2005ರಲ್ಲಿ ಒಂದು ಕಡೆ ಅಲ್ಲಿನ ಐಟಿವಿ ಚಾನೆಲ್‌ನ ರಾಜಕೀಯ ಸಂಪಾದಕ, ಇನ್ನೊಂದು ಕಡೆ ಬಿಬಿಸಿಯ ರಾಜಕೀಯ ಸಂಪಾದಕ ಅಂತ ಬಂದಿದೆ. ಬಹುಶಃ ಎರಡೂ ಸರಿಯೇ. ಅದೇ ಹೆಸರಿನ ಹುದ್ದೆ ಎರಡೂ ಕಡೆ ಇದೆ, ಅವರು ಬದಲಾಯಿಸಿದ್ದು ಅದೇ ವರ್ಷ.

ಮೊದಲು ಪ್ರತಿ ಹುದ್ದೆಯ ಪಕ್ಕದಲ್ಲಿ ಚಾನೆಲ್ ಹೆಸರು ಬರೆದುಕೊಳ್ಳಿ: 2002ರಿಂದ 2005 ಐಟಿವಿ, 2005ರಿಂದ 2015 ಬಿಬಿಸಿ. 2005ರ ವರದಿಗಳಲ್ಲಿ ತಿಂಗಳು ನೋಡಿ. ಆ ಮೇ ತಿಂಗಳ ಬ್ರಿಟನ್ ಸಾರ್ವತ್ರಿಕ ಚುನಾವಣೆಯ ಹೊತ್ತಿಗೆ ಅವರಿನ್ನೂ ಐಟಿವಿಯಲ್ಲೇ ಇದ್ದರು.

ಆಮೇಲೆ ಹಿಂದೆ ಮುಂದೆ ಇದ್ದವರ ಜೊತೆ ತಾಳೆ ಹಾಕಿ. ಬಿಬಿಸಿಯಲ್ಲಿ ಇವರಿಗಿಂತ ಮೊದಲು ಆಂಡ್ರ್ಯೂ ಮಾರ್, ನಂತರ ಲಾರಾ ಕೂನ್ಸ್‌ಬರ್ಗ್. ಐಟಿವಿಯಲ್ಲಿ ಮೊದಲು ಜಾನ್ ಸಾರ್ಜೆಂಟ್, ನಂತರ ಟಾಮ್ ಬ್ರಾಡ್ಬಿ. ಈ ಸರಪಳಿ ಕೂಡಿದರೆ ನಿಮ್ಮ ವರ್ಷಗಳು ಸರಿ ಇವೆ ಎಂದರ್ಥ.

2005ರಲ್ಲಿ 'ಬಿಬಿಸಿ ಸೇರಿದರು' ಅಂತ ಬರೆಯಬೇಡಿ, 'ಮರಳಿದರು' ಅನ್ನಿ. 1986ರಲ್ಲೇ ಅವರು ಅಲ್ಲಿ ತರಬೇತಿ ಪ್ರೊಡ್ಯೂಸರ್ ಆಗಿದ್ದರು.

2015 ಅನ್ನು ಮಾತ್ರ ಒಂದೇ ಸಾಲಿನಲ್ಲಿ ಮುಗಿಸಬೇಡಿ. ಶ್ವಾಸಕೋಶದ ಗೆಡ್ಡೆ ತೆಗೆಯುವಾಗ ಧ್ವನಿಯ ನರಕ್ಕೆ ಪೆಟ್ಟಾಯಿತು. ಅದೂ ಚುನಾವಣೆ ಎದುರಿಗಿರುವಾಗ! ಮಾತೇ ಕಸುಬಾದವರಿಗೆ ಇದು ಸಣ್ಣ ವಿಷಯ ಅಲ್ಲ, ಅಲ್ವಾ? ಒರಟಾದ ದನಿಯಲ್ಲೇ ಅವರು ಕೆಲಸಕ್ಕೆ ಬಂದರು, ವರ್ಷದ ಕೊನೆಗೆ ಬಿಬಿಸಿ ರೇಡಿಯೊ 4ರ 'ಟುಡೇ' ಕಾರ್ಯಕ್ರಮದ ನಿರೂಪಕರಾದರು. ಹಾಗಾಗಿ ಅಲ್ಲಿ 'ನಿವೃತ್ತಿ' ಅಂತ ಇದ್ದರೆ ತೆಗೆದುಬಿಡಿ.