ಗಿರೀಶ್ ಕಾಸರವಳ್ಳಿ ಸಿನಿಮಾಗಳನ್ನು ಯಾವುದರಿಂದ ಶುರು ಮಾಡಲಿ? ಎಲ್ಲ ಬರೀ ಪ್ರಶಸ್ತಿಗಾಗಿ ಮಾಡಿದ ಸ್ಲೋ ಸಿನಿಮಾಗಳಾ?

ಎಲ್ಲರೂ ‘ಘಟಶ್ರಾದ್ಧ’ದಿಂದ ಶುರು ಮಾಡಿ ಅಂತಾರೆ. ನಾನು ಹೇಳೋದು, ಮೊದಲು ‘ಗುಲಾಬಿ ಟಾಕೀಸ್’ (2008) ನೋಡಿ.

ಕಾಸರವಳ್ಳಿ ಅವರ ಬಹುಪಾಲು ಸಿನಿಮಾಗಳ ಬೇರು ಕನ್ನಡದ ಕಥೆ, ಕಾದಂಬರಿಗಳಲ್ಲೇ ಇದೆ. ಅನಂತಮೂರ್ತಿ, ತೇಜಸ್ವಿ, ಭೈರಪ್ಪ, ನಾ. ಡಿಸೋಜ, ಬಾನು ಮುಷ್ತಾಕ್, ಎಲ್ಲರೂ ಇದ್ದಾರೆ. ಆದರೆ ಕಥೆಯನ್ನು ಇದ್ದ ಹಾಗೇ ತೆರೆಗೆ ಇಳಿಸೋದು ಅವರ ಜಾಯಮಾನವಲ್ಲ. ಚಿತ್ರಕಥೆ ಬರೆಯುವಾಗ ಬುಡಸಮೇತ ಅಗೆದು ಬೇರೆ ಕಡೆ ನೆಡ್ತಾರೆ. ‘ಗುಲಾಬಿ ಟಾಕೀಸ್’ಗೆ ಮೂಲವಾದ ವೈದೇಹಿಯವರ ಕಥೆಯಲ್ಲಿ ಊರಿಗೆ ಬರೋದು ಟಾಕೀಸು. ಸಿನಿಮಾದಲ್ಲಿ ಅದು ಕಲರ್ ಟಿವಿ, ಜೊತೆಗೊಂದು ಡಿಶ್ ಆಂಟೆನಾ. ಕಾಲ ಕಾರ್ಗಿಲ್ ಯುದ್ಧದ ಆಸುಪಾಸು, ಜಾಗ ಕರಾವಳಿಯ ಮೀನುಗಾರರ ಕುದ್ರು, ಅಂದರೆ ನಡುಗಡ್ಡೆ. ಸೂಲಗಿತ್ತಿ ಗುಲಾಬಿಗೆ ಸಿನಿಮಾ ಹುಚ್ಚು. ಟಾಕೀಸಿನಿಂದಲೇ ಅವಳನ್ನು ಎಳೆದುಕೊಂಡು ಹೋಗಿ ಹೆರಿಗೆ ಮಾಡಿಸಿದ ಮನೆಯವರು ಖುಷಿಗೆ ಕೊಟ್ಟ ಟಿವಿ ಅದು. ಗಂಡಸರು ಕಡಲಿಗೆ ಹೋದಮೇಲೆ ಹೆಂಗಸರೆಲ್ಲ ಅವಳ ಗುಡಿಸಲಲ್ಲಿ ಸೇರ್ತಾರೆ. ಕೆಲವರು ಮಾತ್ರ ಒಳಗೆ ಕಾಲಿಡದೆ ಹೊರಗೇ ನಿಂತು ಇಣುಕಿ ನೋಡ್ತಾರೆ, ಯಾಕಂದ್ರೆ ಗುಲಾಬಿ ಮುಸ್ಲಿಂ. ಊರಲ್ಲಿ ಮುಂದೆ ಏನಾಗುತ್ತೆ ಅನ್ನೋದರ ಸುಳಿವು ಆ ಹೊಸ್ತಿಲಲ್ಲೇ ಇದೆ, ಯಾರೂ ಭಾಷಣ ಬಿಗಿಯಲ್ಲ. ಉಮಾಶ್ರೀ ಅವರನ್ನು ಕಾಮಿಡಿ ಪಾತ್ರಗಳಲ್ಲಷ್ಟೇ ನೋಡಿದ್ದರೆ ಬೆಚ್ಚಿಬೀಳ್ತೀರಿ. ರಾಷ್ಟ್ರಪ್ರಶಸ್ತಿ ಸುಮ್ಮನೆ ಬಂದಿದ್ದಲ್ಲ.

ಇನ್ನು ಪ್ರಶಸ್ತಿ ವಿಷಯ. ಕಾಸರವಳ್ಳಿ ಮಣಿಪಾಲದಲ್ಲಿ ಬಿ.ಫಾರ್ಮ ಓದಿ, ಆಮೇಲೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಸೇರಿದ ಮನುಷ್ಯ. 1977ರ ಮೊದಲ ಚಿತ್ರ ‘ಘಟಶ್ರಾದ್ಧ’ಕ್ಕೇ ಸ್ವರ್ಣಕಮಲ, ಅಂದರೆ ದೇಶದ ಅತ್ಯುತ್ತಮ ಚಿತ್ರಕ್ಕೆ ಕೊಡೋ ರಾಷ್ಟ್ರಪ್ರಶಸ್ತಿ. ಆಮೇಲೆ ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ಕ್ಕೂ ಬಂತು. ಆದರೆ ಬರೀ ಪ್ರಶಸ್ತಿಯ ಆಸೆಗೆ ಯಾರೂ ನಾಲ್ಕು ದಶಕ ಏಗಲ್ಲ. ‘ದ್ವೀಪ’ಕ್ಕೆ ದುಡ್ಡು ಹಾಕಿದ್ದು ನಾಲ್ಕು ಭಾಷೆಗಳಲ್ಲಿ ಸ್ಟಾರ್ ಆಗಿದ್ದ ಸೌಂದರ್ಯ. ಅಣೆಕಟ್ಟಿನ ನೀರು ಮನೆ ಬಾಗಿಲಿಗೆ ಬಂದಾಗ ಎಲ್ಲ ಉಳಿಸೋದು ಸೌಂದರ್ಯ ಮಾಡಿದ ನಾಗಿ. ಮಳೆ ನಿಂತಮೇಲೆ ಅವಳ ಗಂಡ ಅದನ್ನೆಲ್ಲ ದೇವರ ಲೆಕ್ಕಕ್ಕೆ ಬರೀತಾನೆ! ಆಗ ಸೌಂದರ್ಯ ಮುಖ ನೋಡಬೇಕು.

ಸ್ಲೋ ಅನ್ನೋದು ನಿಜ, ವಾದ ಮಾಡಲ್ಲ. 1.5 ಸ್ಪೀಡಿನಲ್ಲಿ ಓಡಿಸೋ ಅಭ್ಯಾಸ ಇದ್ದರೆ ಇಲ್ಲಿ ಬಿಟ್ಟುಬಿಡಿ.

ಆಮೇಲೆ ‘ತಬರನ ಕಥೆ’. ಪೆನ್ಶನ್‌ಗಾಗಿ ಕಚೇರಿ ಅಲೆದವರು ಮನೆಯಲ್ಲಿದ್ದರೆ ಅವರ ಜೊತೆ ಕೂತು ನೋಡಿ. ‘ಘಟಶ್ರಾದ್ಧ’ ಕೊನೆಗಿರಲಿ: ಅದರ ರಿಸ್ಟೋರ್ ಆದ ಪ್ರಿಂಟ್ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದ್ರು. ನಿಮ್ಮ ಕಡೆ ಯಾವುದಾದರೂ ಉತ್ಸವಕ್ಕೆ ಬಂದರೆ ರಜೆ ಹಾಕಿಯಾದರೂ ಹೋಗಿ.